ಸೂರಿನ ನೀರು

ನಮ್ಮತ್ತೆ ಹುಬ್ಬಳ್ಳಿಯವರು. ಮಡಿಯ ಹುಚ್ಚು ಎಷ್ಟೆಂದರೆ, ಪರದೇಶದ ಮೆಕಿನ್ನಿ ಊರಿನ ಈ ಮನೆಯಲ್ಲೂ ಅವರ ತಾಮ್ರದ ಕೊಡವನ್ನು ನಾವ್ಯಾರೂ ಮುಟ್ಟುವಂತಿಲ್ಲ. ಅಂಥವರನ್ನೂ ಮೀರಿಸುವವರೊಬ್ಬರು ಪಕ್ಕದ ಮನೆಗೆ ಬಂದರು: ನ್ಯೂ ಮೆಕ್ಸಿಕೋದ ಮೂಲನಿವಾಸಿ, ರಿಟೈರ್ ಆದ ಟೀಚರ್. ನಮ್ಮ ಚಕ್ಕುಲಿಯನ್ನು ಡಬ್ಬಿಗಟ್ಟಲೆ ಖಾಲಿ ಮಾಡುವರು. ನೀರು ಮಾತ್ರ ತಾವೇ ತಂದ ಬಾಟಲಿಯದು.

ಅತ್ತೆಯ ಮುಖ ಊದಿತು. "ಏನವಾ, ನಮ್ಮನಿ ನೀರು ಆಕಿಗೆ ಮೈಲಿಗಿ ಏನು? ನಮ್ಮತ್ತಿನೂ ಇಷ್ಟು ಮಡಿ ಮಾಡಿರಲಿಲ್ಲ!"

"ನಿಮಗೆ ತಕ್ಕ ಜೋಡಿ ಸಿಕ್ಕಿದ್ರು ಬಿಡಿ ಅತ್ತೆ" ಎಂದೆ. ನಾನು ಮೈಸೂರಿನವಳು, ಬಾಯಿ ಸುಮ್ಮನಿರುವುದಿಲ್ಲ.

ಆಮೇಲೊಂದು ದಿನ ಮಳೆ ಬಂತು. ಬೇಳೆ ಬೇಯಲು ಮಳೆನೀರೇ ಸೈ ಎಂದು ಅತ್ತೆ ಸೂರಿನಡಿ ಪಾತ್ರೆಗಳನ್ನು ಸಾಲಾಗಿ ಇಟ್ಟರು. ಪಕ್ಕದ ಮನೆಯಾಕೆ ಅದನ್ನು ಕಂಡವರೇ ನೆನೆಯುತ್ತಾ ಓಡಿಬಂದು ಒಂದೊಂದನ್ನೇ ಮಗುಚತೊಡಗಿದರು. ಅತ್ತೆ ಕೆಂಡಾಮಂಡಲ!

ಆಕೆ ನನ್ನ ಕೈ ಹಿಡಿದು ಅತ್ತುಬಿಟ್ಟರು. ಅವರಮ್ಮ ಹುಡುಗಿಯಾಗಿದ್ದಾಗ ಊರಿನ ಹತ್ತಿರ ಸರ್ಕಾರ ಅಣುಬಾಂಬ್ ಪರೀಕ್ಷೆ ಮಾಡಿತಂತೆ. ಊರವರಿಗೆ ಯಾರೂ ಒಂದು ಮಾತು ಹೇಳಲಿಲ್ಲ. ಬೂದಿ ಸೂರಿನ ಮೇಲೆ ಬಿತ್ತು, ಮಳೆಯಲ್ಲಿ ಕೊಚ್ಚಿಕೊಂಡು ತೊಟ್ಟಿಗಿಳಿಯಿತು, ಮನೆಮಂದಿಯೆಲ್ಲ ಅದನ್ನೇ ಕುಡಿದರು. ಅಮ್ಮ, ಅಕ್ಕ, ಇಬ್ಬರೂ ಕ್ಯಾನ್ಸರಿಗೆ ಹೋದರು. "ಇಲ್ಲಿನ ನೀರಿಗೇನೂ ಆಗಿಲ್ಲ, ಗೊತ್ತು. ಆದರೂ ನೋಡಿಕೊಂಡು ನಿಲ್ಲೋಕೆ ಆಗಲಿಲ್ಲ" ಎಂದರು. ತಮ್ಮ ಕತ್ತಿನ ಗಂಟು ಮುಟ್ಟಿ ತೋರಿಸಿದರು. ಮುಂದಿನ ವಾರ ಹ್ಯೂಸ್ಟನ್‌ನಲ್ಲಿ ಆಪರೇಷನ್. ನನಗೆ ಆ ಬಾಂಬ್ ಸಿಡಿಸಿದವರ ಮೇಲೆ ಸಿಟ್ಟು ಬಂತು.

ನಾನು ಕನ್ನಡದಲ್ಲಿ ಹೇಳಿ ಮುಗಿಸುವಷ್ಟರಲ್ಲಿ ಅತ್ತೆ ಉಳಿದ ಪಾತ್ರೆಗಳನ್ನು ತಾವೇ ಮಗುಚಿದ್ದರು.

ಆಕೆ ಹೊರಡುವ ದಿನ ಅತ್ತೆ ಅಂಗಡಿಯ ನೀರಿನ ಬಾಟಲಿಯೊಂದನ್ನು ಹಿಡಿದು ಕಾರಿನ ಹತ್ತಿರ ನಿಂತರು. "ಸೀಲ್ ಒಡದಿಲ್ರಿ, ನೋಡ್ರಿ" ಎಂದು ಅಪ್ಪಟ ಹುಬ್ಬಳ್ಳಿ ಮಾತಿನಲ್ಲೇ ಹೇಳಿ ಮುಚ್ಚಳ ತೋರಿಸಿದರು. ಆಕೆ ನಕ್ಕು, ಸೀಲ್ ಒಡೆದು, ಒಂದಿಷ್ಟು ಕುಡಿದು ಬಾಟಲಿಯನ್ನು ಅತ್ತೆಗೇ ಕೊಟ್ಟರು. ಅಯ್ಯೋ ಶಿವನೇ! ಹೆತ್ತ ಮಗ ಕಚ್ಚಿದ ಹಣ್ಣನ್ನೂ ಎಂಜಲೆಂದು ದೂರ ಇಡುವ ನಮ್ಮತ್ತೆ ಬಾಟಲಿ ಕಚ್ಚಿಯೇ ಗಟಗಟ ಕುಡಿದರು.

"ಉಳಿದದ್ದು ಇಟ್ಟಿರ್ತೀನ್ರಿ. ಬಂದು ಕುಡೀರಿ."

ಆಕೆ ಹ್ಯೂಸ್ಟನ್‌ನಿಂದ ಮರಳಲಿಲ್ಲ. ಅರ್ಧ ಬಾಟಲಿ ಈಗಲೂ ತಾಮ್ರದ ಕೊಡದ ಪಕ್ಕದಲ್ಲಿದೆ. ಅದನ್ನೂ ನಾವ್ಯಾರೂ ಮುಟ್ಟುವಂತಿಲ್ಲ.