ಬಿಸಿಲಿಗಿಟ್ಟ ತುಪ್ಪ

ಅಂಗಳದ ನಟ್ಟನಡುವೆ, ಹಾಸುಗಲ್ಲಿನ ಮೇಲೆ, ಒಂದು ಬಿಳಿ ಪಿಂಗಾಣಿ ಭರಣಿ ಇತ್ತು. ಅದರ ಬಾಯಿಗೆ ತೆಳುವಾದ ಬಟ್ಟೆ ಕಟ್ಟಿ, ಬಟ್ಟೆ ಜಾರದಂತೆ ಕೆಂಪು ನೂಲನ್ನು ಸುತ್ತಿದ್ದರು. ಒಳಗೆ ಎಮ್ಮೆಯ ತುಪ್ಪ. ಮಧ್ಯಾಹ್ನದ ಬಿಸಿಲಿಗೆ ಅದು ಪೂರ್ತಿ ಕರಗಿ ಎಣ್ಣೆಯಂತಾಗಿತ್ತು. ಯಾರು ಬಿಸಿಲಿಗೆ ಕೂರಬೇಕೆಂದು ನಾನು ಹೇಳಿಹೋಗಿದ್ದೆನೋ ಆ ಹೆಣ್ಣುಮಗಳು ಮಾತ್ರ ಅಂಗಳದಲ್ಲಿರಲಿಲ್ಲ. ಕಿಟಕಿ ಮುಚ್ಚಿದ ಒಳಕೋಣೆಯಲ್ಲಿ ಕಂಬಳಿ ಹೊದ್ದು ಮಲಗಿದ್ದಳು.

ಇದು 1976ರ ಫೆಬ್ರುವರಿಯ ಮಾತು. ಜೀವರಸಾಯನಶಾಸ್ತ್ರದಲ್ಲಿ ಎಂ.ಎಸ್ಸಿ. ಮುಗಿಸಿ ಸಿಂದಗಿಯ ಒಂದು ಖಾಸಗಿ ಆಸ್ಪತ್ರೆಯ ಪ್ರಯೋಗಾಲಯಕ್ಕೆ ಸೇರಿ ನನಗೆ ಇನ್ನೂ ವರ್ಷ ತುಂಬಿರಲಿಲ್ಲ. ಪ್ರಯೋಗಾಲಯ ಎಂದರೆ ಒಂದು ಕೋಣೆ, ದ್ರಾವಣದ ಬಣ್ಣ ಅಳೆಯುವ ಒಂದು ಕಲರಿಮೀಟರು, ರಕ್ತದ ತಿಳಿ ಬೇರ್ಪಡಿಸಲು ಕೈಯಿಂದ ತಿರುಗಿಸುವ ಒಂದು ಸೆಂಟ್ರಿಫ್ಯೂಜು ಮತ್ತು ನಾನು. ಸುತ್ತಮುತ್ತ ಇಷ್ಟಾದರೂ ಇದ್ದದ್ದು ಅಪರೂಪವಾದ್ದರಿಂದ ಇಂಡಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಗಳಿಂದಲೂ ರಕ್ತದ ಸ್ಯಾಂಪಲ್ಲುಗಳು ಬಸ್ಸಿನ ಕಂಡಕ್ಟರರ ಕೈಯಲ್ಲಿ ಬರುತ್ತಿದ್ದವು. ಅರ್ಧದಷ್ಟು ದಾರಿಯಲ್ಲೇ ಕೆಟ್ಟಿರುತ್ತಿದ್ದವು. ಮತ್ತೊಮ್ಮೆ ಕಳಿಸಿ ಎಂದು ಬರೆದರೆ, ಒಮ್ಮೆ ಕೊಟ್ಟ ರಕ್ತ ಏನಾಯಿತು ಎಂದು ಜಗಳಕ್ಕೆ ಬರುತ್ತಿದ್ದರು.

ಆಲಮೇಲದ ಗೌಡರ ವಾಡೆಯಿಂದ ಕರೆ ಬಂದಾಗ ಹಿರಿಯ ಡಾಕ್ಟರು ನನ್ನನ್ನು ಕಳಿಸಿದರು. ಆ ಮನೆತನದಲ್ಲಿ ಸೊಸೆಯಂದಿರಿಗೆ ಘೋಷಾ ಇತ್ತು. ಹೊರಗಿನ ಗಂಡಸರ ಕಣ್ಣಿಗೆ ಬೀಳುವಂತಿರಲಿಲ್ಲ. ಆಸ್ಪತ್ರೆಗೆ ಬರುವ ಮಾತಂತೂ ದೂರ. ನಮ್ಮಲ್ಲಿದ್ದ ಒಬ್ಬಳೇ ನರ್ಸು ಹೆರಿಗೆ ಕೋಣೆ ಬಿಟ್ಟು ಬರುವ ಹಾಗಿರಲಿಲ್ಲ. ರಕ್ತ ತೆಗೆಯಲು ಬರುವ ಹೆಂಗಸು ಎಂದರೆ ನಾನೇ ಉಳಿದೆ. ಐಸ್‌ಕ್ಯಾಂಡಿ ಅಂಗಡಿಯಿಂದ ಬರ್ಫದ ಚೂರು ತಂದು ಥರ್ಮಾಸ್‌ನಲ್ಲಿ ತುಂಬಿಕೊಂಡು ಬಸ್ಸು ಹತ್ತಿದೆ.

ಸೊಸೆಯ ಹೆಸರು ಕಸ್ತೂರಿ. ಇಪ್ಪತ್ತಮೂರರ ಪ್ರಾಯ, ಎರಡು ಮಕ್ಕಳು; ಚಿಕ್ಕದಿನ್ನೂ ಮೊಲೆ ಕುಡಿಯುತ್ತಿತ್ತು. ಅವಳು ನೆಲದಿಂದ ಏಳಬೇಕಾದರೆ ಎರಡೂ ಕೈ ಊರಿ, ಗೋಡೆ ಹಿಡಿದು, ಉಸಿರು ಬಿಗಿಹಿಡಿದು ಏಳುತ್ತಿದ್ದಳು. ನಡೆದರೆ ಬಾತುಕೋಳಿಯಂತೆ ಅತ್ತಿತ್ತ ವಾಲುತ್ತಿದ್ದಳು. ಸೊಂಟ ಮತ್ತು ತೊಡೆಗಳಲ್ಲಿ ಬಿಡದ ನೋವು. ಯಾರೋ ವಾತ ಎಂದಿದ್ದರು, ಯಾರೋ ಸೋಗು ಎಂದಿದ್ದರು. ವಾತಕ್ಕೆ ಗಾಳಿ ತಾಗಬಾರದೆಂದು ಕೋಣೆಯ ಒಂದೇ ಕಿಟಕಿಗೂ ಗೋಣಿಚೀಲ ಬಡಿದಿದ್ದರು.

ಅತ್ತೆ ನೀಲಮ್ಮನವರು ಬಾಗಿಲಲ್ಲೇ ನಿಂತು ಮಾತು ಶುರು ಮಾಡಿದರು.

"ನಾಕು ಎಮ್ಮಿ ಹಿಂಡತಾವ್ರಿ ನಮ್ಮ ಮನ್ಯಾಗ. ಹಾಲು, ಮಸರು, ತುಪ್ಪ, ಯಾವುದಕ್ಕ ಕಡಿಮಿ ಮಾಡೇವಿ ಕೇಳ್ರಿ ಈಕಿನ್ನ. ಕೂಲಿ ಹೆಣಮಕ್ಕಳು ಕಟಗ ರೊಟ್ಟಿ, ಕಾರ ತಿಂದು ದಿನಾ ಹೊಲದಾಗ ದುಡಿತಾರ. ಈಕಿಗೆ ನೋಡಿದ್ರ ಏಳಾಕ ಆಗಂಗಿಲ್ಲ. ಅಗರಖೇಡದ ಬೀಗರು ಗಟ್ಟಿಮುಟ್ಟ ಹುಡುಗಿ ಅಂತ ಹೇಳಿ, ಬ್ಯಾನಿ ಹುಡುಗೀನ ಗಂಟು ಹಾಕ್ಯಾರ."

ಅವರು ಅತ್ತ ಸರಿದ ಮೇಲೆ ಕಸ್ತೂರಿ ತೋಳು ಚಾಚುತ್ತ ಮೆಲ್ಲಗೆ ಹೇಳಿದಳು: "ತವರಾಗ ತಲಿ ಮ್ಯಾಲೊಂದು ಬಗಲಾಗೊಂದು ಕೊಡ ಹೊತ್ತು ಬಾವಿ ಪಾವಟಿಗಿ ಹತ್ತತಿದ್ದೆರಿ ಅಕ್ಕಾರ. ಈಗ ನನ್ನ ಕೂಸನ್ನ ನನಗ ಎತ್ತಾಕ ಆಗವಲ್ದು. ಯುಗಾದಿ ಒಳಗ ಎದ್ದು ಅಡ್ಡಾಡಲಿಲ್ಲಂದ್ರ ತವರಿಗೆ ಬಿಟ್ಟು ಬರತಾರಂತ. ಹುಡುಗುರನ್ನ ಇಲ್ಲೇ ಇಟಗೊಂತಾರಂತ."

ಅವಳ ಗಂಡ ಶಂಕರಗೌಡನಿಗೆ ಇನ್ನೊಂದು ಹೆಣ್ಣು ನೋಡುವ ಮಾತೂ ನಡೆದಿದೆಯೆಂದು ಅಂಗಳ ಗುಡಿಸುವಾಕೆ ನಾನು ಕೇಳದೆಯೇ ತಿಳಿಸಿದಳು.

ಸಿಂದಗಿಗೆ ಬಂದು ಪರೀಕ್ಷೆ ಮಾಡಿದೆ. ರಕ್ತದಲ್ಲಿ ಕ್ಯಾಲ್ಸಿಯಂ ಕಡಿಮೆ, ಫಾಸ್ಫೇಟ್ ಇನ್ನೂ ಕಡಿಮೆ. ಆಲ್ಕಲೈನ್ ಫಾಸ್ಫಟೇಸ್ ಎಂಬ ಕಿಣ್ವ ಮಾತ್ರ ಸಾಮಾನ್ಯ ಮಿತಿಯ ಮೂರು ಪಟ್ಟು. ಮೂಳೆ ತನ್ನನ್ನು ತಾನು ಕಟ್ಟಿಕೊಳ್ಳಲು ಹೆಣಗುತ್ತಿದ್ದು ಸುಣ್ಣ ಸಿಗದೆ ಸೋಲುತ್ತಿರುವಾಗ ಈ ಕಿಣ್ವ ಹೀಗೆ ಏರುತ್ತದೆ. ಖಾತ್ರಿಗಾಗಿ ಮೂರನ್ನೂ ಎರಡೆರಡು ಸಲ ಮಾಡಿದೆ. ಇದು ವಾತವಲ್ಲ, ಸೋಗಂತೂ ಅಲ್ಲ. ಅವಳ ಮೂಳೆಗಳು ಮೆತ್ತಗಾಗುತ್ತಿದ್ದವು. ಇನ್ನೊಂದು ಬಸಿರಾದರೆ ಸೊಂಟದ ಎಲುಬು ಬಾಗಿ ಹೆರಿಗೆಯೇ ಜೀವಕ್ಕೆ ಎರವಾಗಬಹುದಿತ್ತು.

ವರದಿಯ ಕೆಳಗೆ "ವಿಟಮಿನ್ ಡಿ ಕೊರತೆ, ಬಿಸಿಲಿನ ಅಭಾವದಿಂದ" ಎಂದು ಬರೆದು ಡಾಕ್ಟರ ಮುಂದಿಟ್ಟೆ. ಅವರು ಕನ್ನಡಕದ ಮೇಲಿಂದ ನನ್ನನ್ನು ನೋಡಿದರು.

"ನೋಡವಾ ತಂಗಿ, ವಿಟಮಿನ್ ಅಂದ್ರ ಊಟದಾಗ ಬರೂದು. ಆ ಗೌಡರ ಮನ್ಯಾಗ ಊಟಕ್ಕ ಕಡಿಮಿ ಐತೇನು? ಇದು ಬಡವರ ಮನಿ ರೋಗ."

"ಸರ್, ಹೆಸರಿಗಷ್ಟ ಅದು ವಿಟಮಿನ್. ಖರೆ ಅಂದ್ರ ಪ್ರೊಹಾರ್ಮೋನ್."

ಇಲ್ಲಿ ಈ ಪದವನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಹಾರ್ಮೋನ್ ಎಂದರೆ ದೇಹ ಒಂದು ಕಡೆ ತಯಾರಿಸಿ, ರಕ್ತದ ಮೂಲಕ ಇನ್ನೊಂದು ಕಡೆಗೆ ಕಳಿಸಿ ಕೆಲಸ ಮಾಡಿಸುವ ವಸ್ತು. ಹಲವು ಹಾರ್ಮೋನುಗಳು ಮೊದಲು ಕೆಲಸಕ್ಕೆ ಬಾರದ ಒಂದು ರೂಪದಲ್ಲಿ ಹುಟ್ಟಿ, ಆಮೇಲೆ ಬದಲಾಗಿ ಸಿದ್ಧವಾಗುತ್ತವೆ. ಆ ಮುಂಚಿನ ರೂಪವೇ ಪ್ರೊಹಾರ್ಮೋನ್. ಇನ್ಸುಲಿನ್ ಹೀಗೆಯೇ: ಮೊದಲು ಉದ್ದನೆಯ ಸರಪಳಿಯಾಗಿ ಹುಟ್ಟುತ್ತದೆ, ನಡುವಿನ ತುಂಡು ಕತ್ತರಿಸಿಹೋದ ಮೇಲೆ ಇನ್ಸುಲಿನ್ ಆಗುತ್ತದೆ. ಕೆಲವು ಪುಸ್ತಕಗಳು ಈ ಪದವನ್ನು ಇಂಥ ಪ್ರೋಟೀನುಗಳಿಗೆ ಮಾತ್ರ ಬಳಸುತ್ತವೆ. ಇನ್ನು ಕೆಲವು, ಬದಲಾದ ಮೇಲೆ ಹಾರ್ಮೋನ್ ಆಗುವ ಯಾವುದೇ ವಸ್ತುವಿಗೂ ಬಳಸುತ್ತವೆ. ನನ್ನ ಅಧ್ಯಾಪಕರು ಎರಡನೆಯ ಪಂಗಡದವರು. ವಿಟಮಿನ್ ಡಿ ಈ ಎರಡನೆಯ ಅರ್ಥದಲ್ಲಿ ಪ್ರೊಹಾರ್ಮೋನ್. ಚರ್ಮದಲ್ಲಿ ಕೊಬ್ಬಿನ ಜಾತಿಯ ಒಂದು ಮೂಲವಸ್ತು ಇರುತ್ತದೆ. ಬಿಸಿಲಿನ ಅತಿನೇರಳೆ ಕಿರಣ ಬಿದ್ದಾಗ ಅದು ವಿಟಮಿನ್ ಡಿ ಆಗುತ್ತದೆ. ಅಷ್ಟಕ್ಕೇ ಅದರಿಂದ ಉಪಯೋಗವಿಲ್ಲ. ಯಕೃತ್ತಿನಲ್ಲಿ ಒಂದು ಸಲ, ಮೂತ್ರಪಿಂಡದಲ್ಲಿ ಇನ್ನೊಂದು ಸಲ ಬದಲಾದ ಮೇಲೆ ಹಾರ್ಮೋನ್ ಆಗಿ, ಊಟದಲ್ಲಿನ ಕ್ಯಾಲ್ಸಿಯಂ ಅನ್ನು ಕರುಳು ಹೀರಿಕೊಳ್ಳುವಂತೆ ಮಾಡುತ್ತದೆ. ಆ ಹಾರ್ಮೋನ್ ಇಲ್ಲದಿದ್ದರೆ ನಾಲ್ಕು ಎಮ್ಮೆಗಳ ಹಾಲು ಕುಡಿದರೂ ಅದರ ಸುಣ್ಣದಲ್ಲಿ ಬಹುಪಾಲು ಹೊರಗೇ ಹೋಗುತ್ತದೆ. ಹಾಲು ತುಪ್ಪಗಳಲ್ಲಿ ವಿಟಮಿನ್ ಡಿ ಇರುವುದೂ ಅತ್ಯಲ್ಪ.

ಇದನ್ನೆಲ್ಲ ಡಾಕ್ಟರಿಗೆ ಹೇಳಿದೆ. ಅವರು ಪೂರ್ತಿ ಕೇಳಿದರು, ಅದನ್ನು ಒಪ್ಪಬೇಕು.

"ಆ ಮಾತು ಇನ್ಸುಲಿನ್ನಿಗೆ ಹೇಳೂದು, ನಾನೂ ಓದೇನಿ. ನೀ ಚೀಟಿ ಮ್ಯಾಲೆ ಪ್ರೊಹಾರ್ಮೋನ್ ಅಂತ ಬರದ್ರ ನಮ್ಮ ಕಂಪೌಂಡರ್ ಔಷಧ ಅಂಗಡ್ಯಾಗ ಅದನ್ನ ಕೇಳಿ, ಸ್ಟಾಕ್ ಇಲ್ಲ ಅಂತ ಬರತಾನ, ಅಷ್ಟ."

ಕಂಪೌಂಡರ್ ನಕ್ಕ. ನನಗೆ ನಗು ಬರಲಿಲ್ಲ. ಮೂರು ದಿನ ದಿನವೂ ಅದೇ ವರದಿಯನ್ನು ಅವರ ಮೇಜಿನ ಮೇಲೆ ಇಟ್ಟೆ. ನಾಲ್ಕನೆಯ ದಿನ, ಕಾಟ ತಾಳಲಾರದೆ ಇರಬೇಕು, ಬಿಜಾಪುರದಿಂದ ವಿಟಮಿನ್ ಡಿ ಇಂಜೆಕ್ಷನ್ ತರಿಸಿಕೊಟ್ಟರು. ಗೆದ್ದೆ ಎಂದುಕೊಂಡು ಆಲಮೇಲಕ್ಕೆ ಹೋದರೆ ನೀಲಮ್ಮನವರು ಸೂಜಿಯನ್ನು ನೋಡಿಯೇ ಬೇಡವೆಂದು ಕೈಯಾಡಿಸಿಬಿಟ್ಟರು.

"ಸೂಜಿ ಗರಂ ಆಗತೈತ್ರಿ. ಈಕಿ ಎದಿ ಹಾಲು ಬತ್ತಿದ್ರ ಕೂಸಿಗೆ ಏನ್ ಹಾಕೂದು? ಬ್ಯಾರೆ ಏನರ ಇದ್ರ ಹೇಳ್ರಿ."

ಬೇರೆ ಇದ್ದದ್ದು ಬಿಸಿಲು. ಬಿಜಾಪುರ ಜಿಲ್ಲೆಯಲ್ಲಿ ಯಾರೂ ದುಡ್ಡು ಕೊಟ್ಟು ತರಬೇಕಿಲ್ಲದ ಒಂದೇ ಔಷಧ. ಮೈಯ ಜಿಡ್ಡಿನ ಮೇಲೆ ಬಿಸಿಲು ಬಿದ್ದರೆ ಎಲುಬು ಗಟ್ಟಿಮಾಡುವ ಔಷಧ ತಾನೇ ತಯಾರಾಗುತ್ತದೆ. ತೋಳು, ಬೆನ್ನು, ಕಾಲುಗಳಿಗೆ ದಿನಾ ಅರ್ಧ ಗಂಟೆ ಬಿಸಿಲು ಬೀಳಬೇಕು ಎಂದು ನಿಧಾನವಾಗಿ ಹೇಳಿದೆ. ಶಂಕರಗೌಡ ಪಡಸಾಲೆಯಿಂದಲೇ ಕೇಳಿಸಿಕೊಂಡು ಒಪ್ಪಿದ. ಗಂಡಸರ ಕಣ್ಣಿಗೆ ಮರೆಯಾಗುವಂತೆ ಅಂಗಳದಲ್ಲಿ ಹಗ್ಗ ಕಟ್ಟಿ, ಸುತ್ತಲೂ ಹಳೆ ಬಟ್ಟೆಯ ಕೌದಿ ಇಳಿಬಿಡಿಸಿದ. ಅವನೇ ನಿಂತು ಕಟ್ಟಿಸಿದ್ದನ್ನು ನೋಡಿ, ಇನ್ನೊಂದು ಹೆಣ್ಣಿನ ಮಾತು ಅವನದಲ್ಲ ಎಂದು ನನಗೆ ಅನಿಸಿತು. ಇನ್ನೇನೂ ಅಡ್ಡಿಯಿಲ್ಲವೆಂದು ಸಮಾಧಾನದಿಂದ ಸಿಂದಗಿಗೆ ಮರಳಿದೆ.

ಎರಡು ವಾರ ಬಿಟ್ಟು ಒಂದು ಶನಿವಾರ ಹೋದಾಗ ಕಂಡದ್ದೇ ಮೊದಲು ಹೇಳಿದ ಆ ಭರಣಿ. ಕೌದಿಗಳನ್ನು ಮಡಚಿ ಮೂಲೆಗೆ ಇಟ್ಟಿದ್ದರು. ಕಸ್ತೂರಿ ಒಂದೇ ದಿನ ಹೊರಗೆ ಬಂದಿದ್ದಳಂತೆ, ಅದೂ ತಲೆಯಿಂದ ಕಾಲಿನವರೆಗೆ ಸೀರೆ ಸುತ್ತಿ, ಮೇಲೊಂದು ಶಾಲು ಹೊದ್ದು. ಅಷ್ಟರಲ್ಲಿ ಪಕ್ಕದ ಮನೆಯ ಮಾಳಿಗೆಯ ಮೇಲೆ ಮೆಣಸಿನಕಾಯಿ ಹರವುತ್ತಿದ್ದ ಹೆಂಗಸು ಬಗ್ಗಿ ನೋಡಿ, "ಯವ್ವಾ, ಗೌಡರ ಸೊಸಿ ಅಂಗಳಕ್ಕ ಬಂದಾಳ, ಬರ್ರಿ ನೋಡಬರ್ರಿ!" ಎಂದು ಕೂಗಿದ್ದಳು. ಅಲ್ಲಿಗೆ ಬಿಸಿಲಿನ ಚಿಕಿತ್ಸೆ ಮುಗಿಯಿತು. ನೀಲಮ್ಮನವರು ತಮ್ಮದೇ ಉಪಾಯ ಹುಡುಕಿದ್ದರು.

"ನೀವ ಹೇಳಿದ್ರೆಲ್ಲರಿ ಬಾಯಾರ, ಜಿಡ್ಡಿನ ಮ್ಯಾಲೆ ಬಿಸಲು ಬಿದ್ರ ಔಷಧ ಆಗತೈತಿ ಅಂತ? ಆಕಿನ್ನ ಯಾಕ ಹೊರಗ ತರಬೇಕು? ಹಪ್ಪಳ, ಸಂಡಿಗಿ, ಉಪ್ಪಿನಕಾಯಿ ಎಲ್ಲಾ ಬಿಸಲಿಗೆ ಇಡತೇವಿ, ಬಿಸಲಿನ ಸತ್ವ ಅದರಾಗ ಇಳಿತೈತಿ. ಹಂಗ ತುಪ್ಪ ಇಟ್ಟೇನಿ. ದಿನಾ ಮುಂಜಾನೆ ಮೂರು ಚಮಚ ಕುಡಸಾಕತ್ತೇನಿ."

"ತುಪ್ಪದ ಜಿಡ್ಡಲ್ಲ ಅವ್ವಾರ. ಅವರ ಮೈಯಾಗಿನ ಜಿಡ್ಡು. ಚರ್ಮದಾಗಿಂದು."

"ತುಪ್ಪ ತಿಂದ್ರ ಮತ್ತೆಲ್ಲಿ ಹೋಗತೈತಿ? ಮೈಯಾಗ ಹೋಗೂದಿಲ್ಲೇನು?"

ಹಣೆ ಚಚ್ಚಿಕೊಳ್ಳುವುದೊಂದು ಬಾಕಿ ಇತ್ತು. ಅವರ ಮಾತು ಪೂರ್ತಿ ಹುಚ್ಚೂ ಅಲ್ಲ, ಅದೇ ನನ್ನ ಸಿಟ್ಟನ್ನು ಹೆಚ್ಚಿಸಿತು. ಪರದೇಶಗಳಲ್ಲಿ ಹಿಂದೆ ಕೆಲವು ಎಣ್ಣೆಗಳಿಗೆ, ಹಾಲಿಗೆ ಅತಿನೇರಳೆ ದೀಪ ಹಿಡಿದು ವಿಟಮಿನ್ ಡಿ ಹುಟ್ಟಿಸಿದ್ದನ್ನು ನಾನೇ ಪರೀಕ್ಷೆಗೆ ಓದಿ ಬರೆದಿದ್ದೆ. ಆದರೆ ಎಮ್ಮೆಯ ತುಪ್ಪದಲ್ಲಿ ಚರ್ಮದಲ್ಲಿರುವಷ್ಟು ಮೂಲವಸ್ತು ಇಲ್ಲ; ಪಿಂಗಾಣಿ ಭರಣಿಗೆ ಬಟ್ಟೆ ಕಟ್ಟಿಟ್ಟರೆ ಕಿರಣ ಒಳಗೆ ಹೋಗುವುದೂ ಅಷ್ಟಕ್ಕಷ್ಟೇ. ಇದನ್ನು ಯಾವ ಮಾತಿನಲ್ಲಿ ಹೇಳುವುದು? ಅಷ್ಟರಲ್ಲಿ ಒಳಗಿನಿಂದ ಕೂಸು ಅತ್ತಿತು. ಕಸ್ತೂರಿ ಏಳಲು ಹೋಗಿ, ಅರ್ಧಕ್ಕೆ ಕುಸಿದು, "ಅತ್ತೀ, ಕೂಸನ್ನ ತೊಗೋರಿ" ಎಂದಳು. ಯುಗಾದಿಗೆ ಇನ್ನು ಒಂದು ತಿಂಗಳಷ್ಟೇ ಉಳಿದಿತ್ತು.

ನನ್ನ ದನಿ ಏರಿತು. ನಾನು ದನಿ ಏರಿಸುವವಳಲ್ಲ. "ಹುಡುಗುರ ತಾಯಿನ್ನ ಕತ್ತಲಾಗ ಇಟ್ಟು ತುಪ್ಪಕ್ಕ ಬಿಸಲು ಕಾಸಾಕತ್ತೀರಿ ನೀವು!"

ನೀಲಮ್ಮನವರು ಸಿಟ್ಟಾಗಲಿಲ್ಲ. ಕೂಸನ್ನು ಸೊಂಟಕ್ಕೆ ಏರಿಸಿಕೊಂಡು, ನನ್ನನ್ನು ಮೇಲಿಂದ ಕೆಳಗೆ ನೋಡಿದರು. ನಾನು ಅಂದೂ ಇಂದೂ ಮೊಣಕೈ ದಾಟುವ ತೋಳಿನ ಕುಪ್ಪಸವನ್ನೇ ತೊಡುವವಳು. ಸೆರಗನ್ನು ಎರಡೂ ಭುಜಕ್ಕೆ ಹೊದೆಯುವವಳು. ಕಾಲೇಜಿನ ಗುಂಪು ಫೋಟೋದಲ್ಲೂ ಹಿಂದಿನ ಸಾಲು ಹುಡುಕಿಕೊಂಡವಳು.

"ಹೇಳೂದು ಹಗೂರ ಐತಿ ಬಾಯಾರ. ನೀವು ಕುಂಡ್ರತೀರೇನು ನಮ್ಮ ಅಂಗಳದಾಗ, ಆ ಮಾಳಗಿ ಮ್ಯಾಲಿನ ಮಂದಿ ಮುಂದ, ತೋಳು ಬೆನ್ನು ಬಿಸಲಿಗೆ ಬಿಟಗೊಂಡು? ಕಲತಾಕಿ ನೀವು ಕುಂತ್ರ, ನನ್ನ ಸೊಸಿನ್ನೂ ಕುಂಡ್ರಸತೇನಿ."

ಥರ್ಮಾಸ್ ಎತ್ತಿಕೊಂಡು ಬಸ್ ನಿಲ್ದಾಣಕ್ಕೆ ನಡೆದೆ.

ಮುಂದೆ ಆದದ್ದನ್ನು ಇಲ್ಲೇ ಹೇಳಿಬಿಡುತ್ತೇನೆ. ಯುಗಾದಿಯ ಹೊತ್ತಿಗೆ ಕಸ್ತೂರಿ ಒಂದೇ ಕೈಯಿಂದ ಗೋಡೆ ಹಿಡಿದು ಏಳುತ್ತಿದ್ದಳು. ತವರಿಗೆ ಬಿಟ್ಟು ಬರುವ ಮಾತನ್ನು ಮುಂದೂಡಲು ಅಷ್ಟು ಸಾಕಾಯಿತು. ಬೇಸಿಗೆಯಲ್ಲಿ ನೀಲಮ್ಮನವರು ಸೂಜಿಗೂ ಒಪ್ಪಿದರು, ಹಾಲು ಬತ್ತಲಿಲ್ಲ. ನಾಗರ ಪಂಚಮಿಗೆ ಕಸ್ತೂರಿ ಅಗರಖೇಡಕ್ಕೆ ಹೋದಳು, ಎಲ್ಲ ಹೆಣ್ಣುಮಕ್ಕಳು ಹಬ್ಬಕ್ಕೆ ತವರಿಗೆ ಹೋಗುವ ಹಾಗೆ, ಎರಡೂ ಮಕ್ಕಳನ್ನು ಕರೆದುಕೊಂಡು. ಹಬ್ಬ ಮುಗಿಸಿ ಚಿಕ್ಕದನ್ನು ಎತ್ತಿಕೊಂಡೇ ಮರಳಿದಳು. ಡಾಕ್ಟರು ಈಗಲೂ ಅದನ್ನು ವಿಟಮಿನ್ ಎಂದೇ ಬರೆಯುತ್ತಾರೆ, ಆದರೆ ವಾಡೆಗಳಿಂದ ಸೊಂಟನೋವಿನ ಕರೆ ಬಂದರೆ ಮನೆಯಲ್ಲಿ ಬಿಸಿಲು ಎಲ್ಲಿ ಬೀಳುತ್ತದೆ ಎಂದು ವಿಚಾರಿಸಿಕೊಂಡು ಬರಲು ನನಗೆ ಹೇಳುತ್ತಾರೆ.

ಈ ಕೆಲಸ ನನಗೆ ಕಲಿಸಿದ್ದು ಇಷ್ಟು. ಒಂದು ವಸ್ತುವನ್ನು ಯಾವ ಪಂಗಡಕ್ಕೆ ಸೇರಿಸುತ್ತೇವೆ ಎಂಬುದು ಬರಿಯ ಪುಸ್ತಕದ ಮಾತಲ್ಲ. ವಿಟಮಿನ್ ಎಂದದ್ದರಿಂದ ಎಲ್ಲರೂ ಕಸ್ತೂರಿಯ ತಾಟಿನೊಳಗೆ ನೋಡಿದರು, ಅವಳ ಕೋಣೆಯೊಳಗೆ ಯಾರೂ ನೋಡಲಿಲ್ಲ. ಹಾಗೆಂದು ಸರಿಯಾದ ಪದ ಗೊತ್ತಿದ್ದ ನನ್ನಿಂದ ತಾನೇ ಏನಾಯಿತು? ಡಾಕ್ಟರಿಗೂ ನೀಲಮ್ಮನವರಿಗೂ ನಾನು ಹೇಳಿದ್ದರಲ್ಲಿ ಒಂದಕ್ಷರ ತಪ್ಪಿರಲಿಲ್ಲ. ಆ ಶನಿವಾರದವರೆಗೂ ಕಸ್ತೂರಿ ಮಾತ್ರ ಕತ್ತಲಲ್ಲೇ ಇದ್ದಳು.

ಮರುದಿನ ಭಾನುವಾರ. ಮೊದಲ ಬಸ್ಸಿಗೆ ಆಲಮೇಲಕ್ಕೆ ಹೋದೆ. ಪಡಸಾಲೆಯಲ್ಲಿ ಚಹಾ ಕುಡಿಯುತ್ತಿದ್ದ ಗಂಡಸರಿಗೆ ನಮಸ್ಕಾರ ಮಾಡಿ, ಕೌದಿಗಳನ್ನು ನಾನೇ ಹಗ್ಗಕ್ಕೆ ಹಾಕಿದೆ. ನೀಲಮ್ಮನವರು ಅಡುಗೆಮನೆಯ ಬಾಗಿಲಿಗೆ ಬಂದು ನಿಂತರು. ಪಕ್ಕದ ಮಾಳಿಗೆಯ ಮೇಲೆ ಮೆಣಸಿನಕಾಯಿ ಹರವುತ್ತಿದ್ದವರ ಕೈ ನಿಂತಿತು. ತುಪ್ಪದ ಭರಣಿ ಆಗಲೇ ತನ್ನ ಜಾಗದಲ್ಲಿತ್ತು. ಅದನ್ನು ಎತ್ತಿ ನೆರಳಿಗೆ ಇಟ್ಟೆ. ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ, ಕುಪ್ಪಸದ ತೋಳುಗಳನ್ನು ಭುಜದವರೆಗೆ ಮಡಚಿ, ಭರಣಿ ಇದ್ದ ಜಾಗದಲ್ಲಿ ಬಿಸಿಲಿಗೆ ಬೆನ್ನು ಕೊಟ್ಟು ಕುಳಿತೆ.