ಕಿಟಕಿಯಾಚೆಯ ಕೂಳೆ ಕಬ್ಬು

ಚಂದಾಪುರದಲ್ಲಿ ನಾವು ಬಾಡಿಗೆಗಿದ್ದ ರೂಮಿಗೆ ಒಂದೇ ಕಿಟಕಿ. ಅದರಾಚೆ ವಠಾರದ ಬಚ್ಚಲ ನೀರೆಲ್ಲ ಬಂದು ಇಂಗುವ ಖಾಲಿ ಜಾಗ. ಮಾಲೀಕರು ಆ ಕಡೆ ಬಂದಾಗಲೆಲ್ಲ ಹೆಜ್ಜೆಯಲ್ಲಿ ಅದನ್ನು ಅಳೆಯುತ್ತಿದ್ದರು. ಅವರ ಹೊಲವೆಲ್ಲ ಲೇಔಟಾಗಿ ಹೋಗಿತ್ತು. ಉಳಿದ ಮಣ್ಣು ಇಷ್ಟೇ. ಅಲ್ಲೂ ಒಂದು ರೂಮು ಎಬ್ಬಿಸುವುದೆಂದು ತೀರ್ಮಾನಿಸಿದ್ದರು.

ನನ್ನ ಹೆಂಡತಿ ಮದುವೆಯಾಗಿ ಮುಧೋಳದ ಕಡೆಯಿಂದ ಹೊಸದಾಗಿ ಬಂದಿದ್ದಳು. ನಾನು ಫ್ಯಾಕ್ಟರಿಗೆ ಹೋದರೆ ಹಗಲೆಲ್ಲ ಒಬ್ಬಳೇ. ವಿಷಯ ಕೇಳಿದವಳೇ ಹೇಳಿದಳು, "ಈ ಕಿಡಕಿ ಮುಚ್ಚಿದ್ರ ನಾ ಊರಿಗೆ ಹೋಗ್ತೀನ್ರಿ. ಹಗಲೊತ್ತು ಲೈಟ್ ಹಚ್ಕೊಂಡು ಕುಂದ್ರಾಕ ನಾ ಏನು ಕೋಳಿ ಮರಿ ಏನ್ರಿ?" ತಮಾಷೆಗೆ ಹೇಳುತ್ತಿರಲಿಲ್ಲ. ನನಗೆ ನಿಜವಾಗಿಯೂ ಹೆದರಿಕೆಯಾಯಿತು.

ಆ ಸಂಕ್ರಾಂತಿಗೆ ಮಾಲೀಕರ ತಾಯಿ, ವಠಾರಕ್ಕೆಲ್ಲ ಅಜ್ಜಿ, ಎಳ್ಳು ಬೆಲ್ಲದ ಜೊತೆ ಒಂದು ತುಂಡು ಕಬ್ಬು ತಂದುಕೊಟ್ಟರು. ನಮ್ಮ ಮುಧೋಳದ ಕಡೆ ಕಬ್ಬೆಂದರೆ ಸಕ್ಕರೆ ಫ್ಯಾಕ್ಟರಿಗೆ ಹೋಗುವ ಲೋಡು. ಅದನ್ನು ತಟ್ಟೆಯಲ್ಲಿಟ್ಟು ಹಂಚುವುದನ್ನು ನಾನು ಕಂಡೇ ಇರಲಿಲ್ಲ. ತಿರುಗಿಸಿ ನೋಡಿದರೆ ಗೆಣ್ಣುಗಳ ಮೇಲೆ ಮೊಳೆಯುವ ಕಣ್ಣುಗಳು ತುಂಬಿಕೊಂಡು ಕೂತಿದ್ದವು. ಅಂಥ ಬೀಜವನ್ನು ಜಗಿಯಲು ನನಗೆ ಮನಸ್ಸು ಬರಲಿಲ್ಲ. ಎಳ್ಳು ತಿಂದು, ಕಬ್ಬನ್ನು ಒಯ್ದು ಕಿಟಕಿಯಾಚೆ ಮಲಗಿಸಿ ಮಣ್ಣು ಮುಚ್ಚಿದೆ.

ವಠಾರದವರೆಲ್ಲ ದಿನಾ ಸ್ನಾನ ಮಾಡುತ್ತಿದ್ದರು, ಕಬ್ಬು ಬೆಳೆಯಿತು. ಮಳೆಗಾಲದ ಹೊತ್ತಿಗೆ ಕಿಟಕಿಯ ಸರಳು ಮುಟ್ಟಿತು. ಆಗ ಮಾಲೀಕರು ಮೇಸ್ತ್ರಿಯನ್ನು ಕರೆದುಕೊಂಡು ಬಂದರು. ಹಿಂದೆಯೇ ಅಜ್ಜಿ ಕೋಲೂರಿಕೊಂಡು ಬಂದರು.

"ನಿಂತಿರೋ ಬೆಳೆ ಮೇಲೆ ಪಾಯ ತೆಗೀತೀಯೇನ್ಲಾ? ಲೇಔಟ್ ಮಾಡೋವಾಗ್ಲೂ ನಿಮ್ಮಪ್ಪ ರಾಗಿ ಕುಯ್ಕೊಂಡ್ ಮೇಲೇ ಜೆಸಿಬಿ ಬಿಟ್ಟಿದ್ದು."

"ಅವ್ವ, ಅದು ಬಾಡಿಗೆಯೋರು ಹಾಕಿರೋ ಕಬ್ಬು ಕಣವ್ವ."

"ಯಾರ್ ಹಾಕಿದ್ರೇನು, ಬೆಳೆ ಬೆಳೇನೇ."

ಮಾಲೀಕರು ನನ್ನ ಕಡೆ ತಿರುಗಿ ಕಟಾವು ಯಾವಾಗ ಎಂದು ಕೇಳಿದರು. ಸಂಕ್ರಾಂತಿಗೆ ಎಂದೆ. ಮೇಸ್ತ್ರಿ ಅಳತೆಯ ಹಗ್ಗ ಸುತ್ತಿಕೊಂಡು ಹೋದ.

ಸಂಕ್ರಾಂತಿ ಬಂತು. ನನ್ನ ಹೆಂಡತಿ ಟ್ರಂಕನ್ನು ಕೆಳಗಿಳಿಸಿ ಧೂಳು ಒರೆಸಿಟ್ಟಳು. ನಾನು ಕುಡುಗೋಲು ತಂದು, ನಮ್ಮ ಹೊಲದಲ್ಲಿ ಕಡಿಯುವ ಹಾಗೆ ನೆಲಕ್ಕೆ ಹತ್ತಿಸಿ ಕಬ್ಬು ಕಡಿದೆ. ಬುಡ ಕೀಳಲಿಲ್ಲ. ಮೊದಲ ತುಂಡು ಅಜ್ಜಿಗೆ ಕೊಟ್ಟೆವು. ಅವರು ಉಳಿದಿದ್ದ ಹಲ್ಲುಗಳಲ್ಲಿ ಒಂದಿಷ್ಟು ಸಿಗಿದು ಜಗಿದರು.

"ಉಪ್ಪುಪ್ಪಾಗೈತಲ್ಲಪ್ಪಾ."

"ಸೋಪಿನ ನೀರು ಕುಡದೈತ್ರಿ ಅಜ್ಜಿ."

ಆದರೂ ಪೂರ್ತಿ ಮುಗಿಸಿಯೇ ಸಿಪ್ಪೆ ಉಗುಳಿದರು. ಕಡಿದ ಬುಡಗಳ ಮೇಲೆ ಒಂದು ಸಲ ಕಣ್ಣಾಡಿಸಿ ಒಳಗೆ ಹೋದರು.

ಕೆಲವು ದಿನ ಬಿಟ್ಟು ಮೇಸ್ತ್ರಿ ಮತ್ತೆ ಬಂದಾಗ ಬುಡಗಳ ಸುತ್ತ ಹಸಿರು ಮೊಳಕೆ ಎದ್ದಿತ್ತು. ಕಬ್ಬನ್ನು ಒಂದು ಸಲ ನೆಟ್ಟರೆ ಸಾಕು, ಕಡಿದ ಮೇಲೂ ಬುಡದಿಂದಲೇ ಮತ್ತೆ ಚಿಗುರುತ್ತದೆ. ಅದೇ ಕೂಳೆ. ರಾಗಿ ಬೆಳೆದ ಮಾಲೀಕರು ಅದನ್ನು ಲೆಕ್ಕಕ್ಕೆ ಹಿಡಿದಿರಲಿಲ್ಲ. ಅಜ್ಜಿ ಮೊದಲೇ ಅಲ್ಲಿ ಕುರ್ಚಿ ಹಾಕಿಸಿಕೊಂಡು ಕೂತಿದ್ದರು.

"ಕೂಳೆ ಬಂದೈತೆ ಕಣ್ಲಾ. ಕೂಳೇನೂ ಬೆಳೇನೇ."

ಮಾಲೀಕರು ಮೊಳಕೆಗಳನ್ನು ನೋಡಿದರು, ನನ್ನನ್ನು ನೋಡಿದರು. ನಾನು ಆಕಾಶ ನೋಡಿದೆ. ಮೇಸ್ತ್ರಿ ಹಗ್ಗ ಬಿಚ್ಚುವ ಗೋಜಿಗೇ ಹೋಗಲಿಲ್ಲ. ಮುಂದಿನ ಸಂಕ್ರಾಂತಿಗೂ ಕಡಿದೆವು, ಅಜ್ಜಿ ಉಪ್ಪೆಂದರು, ಮತ್ತೆ ಚಿಗುರಿತು. ಟ್ರಂಕು ಮೇಲಕ್ಕೆ ಹೋಯಿತು.

ಆ ಮಳೆಗಾಲದಲ್ಲಿ ಅಜ್ಜಿ ತೀರಿಕೊಂಡರು. ಬೆಳಿಗ್ಗೆ ಕಾಫಿ ಕುಡಿದವರು ಮಧ್ಯಾಹ್ನಕ್ಕಿಲ್ಲ. ನನ್ನ ಹೆಂಡತಿ ತನ್ನ ಸ್ವಂತ ಅಜ್ಜಿ ಹೋದಂತೆ ಅತ್ತಳು. ನನಗೂ ದುಃಖವಾಯಿತು. ಕಿಟಕಿಯ ಚಿಂತೆಯೂ ಆಯಿತು. ಎರಡೂ ಒಟ್ಟಿಗೇ ಆದವು, ಏನು ಮಾಡುವುದು.

ತಿಥಿ ಮುಗಿದ ಮೇಲೆ ಮೇಸ್ತ್ರಿ ಬಂದ. ಕುರ್ಚಿ ಖಾಲಿಯಿತ್ತು. ನನ್ನ ಹೆಂಡತಿ ಸರಳು ಹಿಡಿದು ಒಳಗಿನಿಂದ ನೋಡುತ್ತಿದ್ದಳು. ಮಾಲೀಕರು ಎದೆಯುದ್ದದ ಕಬ್ಬಿನ ಮುಂದೆ ನಿಂತು, "ಈ ಕೂಳೆ ಎಷ್ಟು ಸಲ ಬರ್ತದ್ರೀ?" ಎಂದರು.

ನಮ್ಮ ಊರಲ್ಲಾದರೆ ಎರಡು ಮೂರು ಕೂಳೆಗೆ ಕಿತ್ತು ಹೊಸದಾಗಿ ನೆಡುತ್ತಾರೆ.

"ನೀರು ಬರೋತನಕ ಬರ್ತೈತ್ರಿ" ಎಂದೆ.

ಅಷ್ಟರಲ್ಲಿ ವಠಾರದಲ್ಲಿ ಯಾರೋ ಸ್ನಾನಕ್ಕೆ ನಿಂತರು. ಪೈಪಿನಿಂದ ನೊರೆ ನೀರು ಹರಿದು ಬಂದು ಬುಡ ಸೇರಿತು. ಮಾಲೀಕರು ಅದನ್ನು ಕೊನೆಯವರೆಗೂ ನೋಡಿದರು.

"ಬೆಳೆ ಐತೆ, ಬೇರೆ ಕೆಲ್ಸ ನೋಡ್ಕೊಳ್ಳಪ್ಪ" ಎಂದು ಮೇಸ್ತ್ರಿಗೆ ಹೇಳಿದರು. ಬಗ್ಗಿ ಒಣಗಿದ ಗರಿಯೊಂದನ್ನು ಸುಲಿದು ಪಕ್ಕಕ್ಕೆಸೆದರು. ಆಮೇಲೆ ನನಗೆಂದರು, "ಸಂಕ್ರಾಂತಿಗೆ ಒಂದು ತುಂಡು ಕೊಡ್ರಿ. ಅವ್ವನ ಫೋಟೋ ಮುಂದೆ ಇಡ್ಬೇಕು. ಅಂಗಡೀದು ಬ್ಯಾಡ, ಈ ಉಪ್ಪಿಂದೇ ಇರ್ಲಿ."