ಬೀರುವಿನೊಳಗಿನ ಟಕ್ ಟಕ್

"ಬೆಳಿಗ್ಗೆ ಹೊಲಿಗೆ ಮಿಷನ್ನು, ಮಧ್ಯಾಹ್ನ ಸುತ್ತಿಗೆ, ಸಂಜೆಯಾದರೆ ಒಬ್ಬಳೇ ಮಾತು. ಇವಳೇನು ದರ್ಜಿಯೋ, ಬಡಗಿಯೋ, ತಲೆ ಕೆಟ್ಟವಳೋ?" ಎಂದು ಅಕ್ಕಪಕ್ಕದವರು ಆಡಿಕೊಳ್ಳುತ್ತಿದ್ದರು. ಇಷ್ಟೆಲ್ಲ ಗದ್ದಲದ ಹೆಂಗಸು ಬಾಗಿಲು ಮುಚ್ಚುವಾಗ ಮಾತ್ರ ಬೆಕ್ಕಿನಷ್ಟೂ ಸದ್ದು ಮಾಡುತ್ತಿರಲಿಲ್ಲವಲ್ಲ, ಅದೇ ಅವರಿಗೆ ಸೋಜಿಗ.

ಅವಳು ಕಲಾವಿದೆ. ಹೊಲಿಯುವಳು, ಚಿತ್ರ ಬರೆಯುವಳು, ಸದ್ದು ಹಿಡಿದು ಜೋಡಿಸುವಳು. ಸರಕು ಮಾತ್ರ ಒಂದೇ, ತಾನು ಬದುಕಿದ್ದು. ಮದುವೆ ಮುರಿದಾಗ ಮನೆಯ ಸೌಟುಗಳನ್ನೆಲ್ಲ ನೇತುಹಾಕಿ ಫ್ಯಾನಿನ ಗಾಳಿಗೆ ಜಗಳ ಆಡಿಸಿದ್ದಳು. ಅದನ್ನು ನೋಡಿ ಅವಳ ಅಕ್ಕ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದಳು.

ಈ ಸಲ ಅವಳು ಕೈಹಾಕಿದ್ದು ಅಪ್ಪನ ಕಾಲದ ಮರದ ಬೀರುವಿಗೆ. ಅಪ್ಪನ ಸಿಟ್ಟು ನೆತ್ತಿಗೇರಿದಾಗಲೆಲ್ಲ ಅಕ್ಕತಂಗಿ ಅದರೊಳಗೆ ಅಡಗುತ್ತಿದ್ದರು. ಕತ್ತಲಲ್ಲಿ ಅಕ್ಕನ ಕಡೆಯಿಂದ ಟಕ್ ಟಕ್ ಎಂದು ಹಲಗೆ ತಟ್ಟಿದ ಸದ್ದು ಬರುತ್ತಿತ್ತು. ನಾನಿದ್ದೀನಿ ಅಂತ ಅಕ್ಕ ಧೈರ್ಯ ಹೇಳುತ್ತಿದ್ದಾಳೆ ಎಂದುಕೊಂಡು ತಂಗಿ ನಿದ್ದೆಹೋಗುತ್ತಿದ್ದಳು. ಈಗ ಅದೇ ಬೀರುವಿನ ಒಳಮೈಗೆ ಹಳೆಯ ಫ್ರಾಕುಗಳ ತುಂಡು ಹೊಲಿದು, ಬಾಗಿಲ ಸಂದಿಯಲ್ಲಿ ಕಂಡಷ್ಟೇ ಅಪ್ಪನ ಕಾಲು ಬರೆದು, ತಾನೇ ಹಲಗೆ ತಟ್ಟಿ ಹಿಡಿದ ಆ ಸದ್ದನ್ನೂ ಪುಟ್ಟ ಸ್ಪೀಕರಿನಲ್ಲಿ ತುಂಬಿದ್ದಳು.

ಅದನ್ನು ಪ್ರದರ್ಶನಕ್ಕೆ ಇಡುತ್ತಾಳೆಂಬ ಸುದ್ದಿ ಕೇಳಿ ಅಕ್ಕ ಫೋನಿನಲ್ಲೇ ಉರಿದುಬಿದ್ದಳು. "ಮನೆ ಮಾತು ಬೀದಿಗೆ ಹಾಕ್ತೀಯಾ? ಹಾಕಿದ್ರೆ ನನಗೆ ತಂಗಿ ಇಲ್ಲ ಅಂದ್ಕೋತೀನಿ."

"ಒಂದ್ಸಲ ಬಂದು ನೋಡಕ್ಕ. ಆಮೇಲೂ ಬೇಡ ಅಂದ್ರೆ ನಾನೇ ಒಡೆದು ಸೌದೆ ಮಾಡ್ತೀನಿ." ಅಂದುಬಿಟ್ಟಳೇನೋ ನಿಜ, ಆದರೆ ಅವಳಿಗೆ ಇದ್ದವಳು ಒಬ್ಬಳೇ ಅಕ್ಕ.

ಮನೆ ಖಾಲಿ ಮಾಡುವ ದಿನವೇ ಅಕ್ಕ ಬಂದಳು. ಬೇರೆ ಊರಿನಲ್ಲಿ ತಂಗಿಗೆ ಕೆಲಸ ಮಾಡಲು ಒಂದು ಹಳೆಯ ಗೋದಾಮು ಸಿಕ್ಕಿತ್ತು, ಲಾರಿ ಬಾಗಿಲಲ್ಲಿತ್ತು. ಮುಖ ಗಂಟಿಕ್ಕಿಕೊಂಡೇ ಅಕ್ಕ ಬೀರುವಿನೊಳಗೆ ತೂರಿದಳು.

"ಏನೇ, ಇದು ಸಣ್ಣದಾಗಿದೆ!"

"ಬೀರು ಅಷ್ಟೇ ಇದೆ. ನೀನು ಊದಿದೀಯ."

ಬಾಗಿಲು ಮುಚ್ಚಿತು. ಒಳಗೆ ಟಕ್ ಟಕ್. ಆಮೇಲೆ ಅಕ್ಕನ ದನಿ: "ಇದೇನೇ ತಟ್ತಾ ಇರೋದು?"

"ನೀನೇ ಅಲ್ವಾ? ನನಗೆ ಧೈರ್ಯ ಹೇಳೋಕೆ ತಟ್ತಿದ್ದೆಯಲ್ಲ."

"ಅಯ್ಯೋ ಪೆದ್ದಿ! ನನ್ನ ಮಂಡಿ ನಡುಗಿ ಹಲಗೆಗೆ ಹೊಡ್ಕೋತಿತ್ತು ಕಣೇ!"

ತಂಗಿ ಬಾಗಿಲು ತೆರೆದಳು. ಅಕ್ಕನ ಕಣ್ಣು ತುಂಬಿತ್ತು, ಬಾಯಿ ನಗುತ್ತಿತ್ತು. "ದೊಡ್ಡೋಳಾಗಿ ನಾನೂ ಪುಕ್ಕಲಿ ಅಂತ ನಿಂಗೆ ಗೊತ್ತಾಗಿಬಿಡುತ್ತಲ್ಲ ಅಂತ ಬೇಡ ಅಂದಿದ್ದು."

"ಆ ನಡುಕ ಕೇಳ್ಕೊಂಡೇ ನಿದ್ದೆ ಮಾಡಿದೀನಿ ಅಕ್ಕ." ಇಬ್ಬರೂ ಬಿಕ್ಕಳಿಕೆ ಬರುವಷ್ಟು ನಕ್ಕರು. "ಈಗ ಹೇಳು, ಸೌದೆ ಮಾಡ್ಲಾ?"

"ಮಾಡು ನೋಡೋಣ, ಕೈ ಮುರೀತೀನಿ! ಸದ್ದು ಮಾತ್ರ ತಿದ್ದು. ಅಷ್ಟು ನಾಜೂಕಾಗಿರ್ಲಿಲ್ಲ ಅದು."

ಅಕ್ಕ ಅಲ್ಲೇ ಕೂತು ಮಂಡಿಯಿಂದ ಹಲಗೆ ಬಡಿದಳು, ತಂಗಿ ಮೈಕು ಹಿಡಿದಳು. ಲಾರಿಯವನು ಎರಡು ಸಲ ಹಾರನ್ ಒತ್ತಿದ, ಮೂರನೆಯದಕ್ಕೆ ಬೈದ. ಕೊನೆಗೆ ಬೀರು ಏರಿತು, ಅಕ್ಕನೂ ಏರಿದಳು.

"ಬಾರೇ, ಇನ್ನೆಷ್ಟು ಹೊತ್ತು!"

ತಂಗಿ ಖಾಲಿ ಮನೆಯನ್ನು ಒಮ್ಮೆ ನೋಡಿ ಹೊಸ್ತಿಲು ದಾಟಿದಳು. ಅಪ್ಪನ ನಿದ್ದೆ ಕೆಡದಂತೆ ಎಂದೋ ಕಲಿತ ಕೈ ಬಾಗಿಲನ್ನು ಮೆಲ್ಲಗೆ ಎಳೆಯತೊಡಗಿತು. ಅರ್ಧಕ್ಕೆ ನಿಂತಿತು. ಆಮೇಲೆ ಅವಳು ಓಣಿಗೆಲ್ಲ ಕೇಳುವಂತೆ ಧಡಾರನೆ ಬಾಗಿಲು ಹಾಕಿ, ಕೈ ಬೀಸುತ್ತ ಲಾರಿಯತ್ತ ನಡೆದಳು.